ಡ್ವೇನ್ ಆಲ್ಮನ್ ಅವರ ಗಿಟಾರನ್ನು ಕೇಳುವ ಕ್ರಮ

ಅಮೆರಿಕದ ದಕ್ಷಿಣ ರಾಜ್ಯಗಳ ರಾಕ್ ಸಂಗೀತವಾದ ಸದರ್ನ್ ರಾಕ್ ಕೇಳಲು ಹೊರಟವರಿಗೆ ಸಾಮಾನ್ಯವಾಗಿ ಸಿಗುವ ಸಲಹೆ, ಆಲ್ಮನ್ ಬ್ರದರ್ಸ್ ಬ್ಯಾಂಡ್ 1971ರಲ್ಲಿ ಹೊರತಂದ ‘ಅಟ್ ಫಿಲ್ಮೋರ್ ಈಸ್ಟ್’ ಆಲ್ಬಮ್ಮಿನಿಂದ ಆರಂಭಿಸಿ ಎಂಬುದು. ಆ ಆಲ್ಬಮ್ಮಿನ ಹಿರಿಮೆಯ ಬಗ್ಗೆ ತಕರಾರಿಲ್ಲ. ಆದರೆ ಒಂದೇ ಹಾಡು ಇಪ್ಪತ್ತು ನಿಮಿಷ ದಾಟುವ ಆ ಕಛೇರಿಯಲ್ಲಿ ತಂಡದ ಗಿಟಾರ್ ವಾದಕ ಡ್ವೇನ್ ಯಾವುದನ್ನು ನುಡಿಸುತ್ತಿದ್ದಾರೆ ಎಂಬುದೇ ಹೊಸಬರಿಗೆ ತಿಳಿಯದೆ ಹೋಗಬಹುದು. ಅವರ ಮುಖ್ಯ ಧ್ವನಿಮುದ್ರಣಗಳೆಲ್ಲ ಮೂರೇ ವರ್ಷಗಳಲ್ಲಿ ಆದವುಗಳಾದ್ದರಿಂದ, ಅವು ನಡೆದ ಕ್ರಮದಲ್ಲೇ ಕೇಳುವುದು ಕಷ್ಟವೇನಲ್ಲ. ಹಾಗೆ ಕೇಳಿದರೆ, ಬೇರೆಯವರ ಹಾಡಿಗೆ ಪಕ್ಕವಾದ್ಯ ನುಡಿಸುತ್ತಾ ಅವರು ರೂಢಿಸಿಕೊಂಡ ಸಂಯಮವೇ ಮುಂದಿನ ದೀರ್ಘ ವಾದನಕ್ಕೂ ಆಧಾರವಾಯಿತೆಂಬುದು ಸ್ಪಷ್ಟವಾಗುತ್ತದೆ.

ಹಿನ್ನೆಲೆಗೆ ಇಷ್ಟು ತಿಳಿದಿದ್ದರೆ ಸಾಕು. ಡ್ವೇನ್ ಹುಟ್ಟಿದ್ದು 1946ರ ನವೆಂಬರ್ 20ರಂದು, ಟೆನೆಸಿ ರಾಜ್ಯದ ನ್ಯಾಶ್‌ವಿಲ್‌ನಲ್ಲಿ. ಸೈನ್ಯದಲ್ಲಿದ್ದ ತಂದೆ 1949ರಲ್ಲಿ ಕೊಲೆಯಾದರು. ತಾಯಿ ಮಕ್ಕಳಿಬ್ಬರನ್ನು ಬೆಳೆಸಿ, ಮುಂದೆ ಫ್ಲೋರಿಡಾದ ಡೇಟೋನಾ ಬೀಚ್‌ಗೆ ಕರೆದೊಯ್ದರು. ತಮ್ಮ ಗ್ರೆಗ್ ಜೊತೆ ಲಾಸ್ ಏಂಜಲೀಸ್‌ನಲ್ಲಿ ‘ಅವರ್ ಗ್ಲಾಸ್’ ಎಂಬ ತಂಡ ಕಟ್ಟಿ ಮಾಡಿದ ಆಲ್ಬಮ್ಮುಗಳನ್ನು ಸದ್ಯಕ್ಕೆ ಬಿಟ್ಟುಬಿಡಬಹುದು. ಅಲ್ಲಿ ಧ್ವನಿಮುದ್ರಣ ಕಂಪನಿಯ ಇಷ್ಟವೇ ಹೆಚ್ಚಾಗಿ ಕೇಳಿಸುತ್ತದೆ.

ಮೊದಲು ಕೇಳಬೇಕಾದದ್ದು, 1968ರ ಕೊನೆಯಲ್ಲಿ ಅಲಬಾಮಾದ ಮಸಲ್ ಶೋಲ್ಸ್ ಪಟ್ಟಣದ ಫೇಮ್ ಸ್ಟುಡಿಯೊದಲ್ಲಿ ವಿಲ್ಸನ್ ಪಿಕೆಟ್ ಹಾಡಿದ ‘ಹೇ ಜೂಡ್’. ಬೀಟಲ್ಸ್ ತಂಡದ ಈ ಹಾಡನ್ನು ಹಾಡುವಂತೆ ಪಿಕೆಟ್ ಅವರಿಗೆ ಸೂಚಿಸಿದವರೇ ಡ್ವೇನ್. ಆರಂಭದಲ್ಲಿ ಗಾಯಕನ ಸಾಲು ಮುಗಿದಾಗ ಮಾತ್ರ ಎರಡು ಸ್ವರ ಸೇರಿಸಿ ಸುಮ್ಮನಾಗುವ ಗಿಟಾರ್, ಕೊನೆಯ ಭಾಗದಲ್ಲಿ ಪಿಕೆಟ್ ಕಿರುಚಿದೊಡನೆ ಎದ್ದುನಿಂತು ಆ ಕೂಗಿಗೆ ಸಾಟಿಯಾಗಿ ಉತ್ತರಿಸುತ್ತದೆ. ಈ ಎರಡು ಭಾಗಗಳನ್ನು ಹೋಲಿಸಿ ಕೇಳುವುದೇ ಇಲ್ಲಿನ ಮುಖ್ಯ ಪಾಠ. ಇದನ್ನು ರೇಡಿಯೊದಲ್ಲಿ ಕೇಳಿದ ಬ್ರಿಟಿಷ್ ಗಿಟಾರ್ ವಾದಕ ಎರಿಕ್ ಕ್ಲಾಪ್ಟನ್, ನುಡಿಸಿದವರು ಯಾರೆಂದು ವಿಚಾರಿಸಿದರು.

ಮುಂದಿನ ಹಂತ ಸ್ಲೈಡ್ ವಾದನ, ಅಂದರೆ ಬೆರಳಿಗೆ ತೊಟ್ಟ ಗಾಜಿನ ಇಲ್ಲವೇ ಲೋಹದ ಕೊಳವೆಯನ್ನು ತಂತಿಯ ಮೇಲೆ ಜಾರಿಸಿ ನುಡಿಸುವುದು. ಗ್ರೆಗ್ ಹೇಳಿಕೊಂಡಿರುವಂತೆ, ಕುದುರೆಯಿಂದ ಬಿದ್ದು ಮೊಣಕೈ ನೋಯಿಸಿಕೊಂಡಿದ್ದ ಅಣ್ಣನಿಗೆ ನೆಗಡಿಗೂ ಆಗುತ್ತದೆಂದು ‘ಕೊರಿಸಿಡಿನ್’ ಮಾತ್ರೆಯ ಗಾಜಿನ ಶೀಶೆಯನ್ನೂ ತಾಜ್ ಮಹಲ್ ಎಂಬ ಬ್ಲೂಸ್ ಗಾಯಕರ ಒಂದು ಆಲ್ಬಮ್ಮನ್ನೂ ಅವರು ಉಡುಗೊರೆ ಕೊಟ್ಟಿದ್ದರು. ಡ್ವೇನ್ ಮಾತ್ರೆಗಳನ್ನು ಸುರಿದು, ಶೀಶೆಯ ಚೀಟಿ ತೊಳೆದು, ಅದನ್ನು ಉಂಗುರದ ಬೆರಳಿಗೆ ಹಾಕಿಕೊಂಡು ನುಡಿಸತೊಡಗಿದರು. ಚಿತ್ರವೀಣೆಯ ತಂತಿಯ ಮೇಲೆ ಕೊರಡು ಜಾರುವುದನ್ನು ಕಂಡವರಿಗೆ ಇದರ ತತ್ತ್ವ ಹೊಸದಲ್ಲ. ನೀವೂ ಗಿಟಾರ್ ನುಡಿಸುವವರಾದರೆ, ಡ್ವೇನ್ ಹೆಚ್ಚಾಗಿ ಬಳಸಿದ ‘ಓಪನ್ ಇ’ ಶ್ರುತಿಯನ್ನು ಕೂಡಿಸಿ ನೋಡಿ: ಐದನೆಯ ಮತ್ತು ನಾಲ್ಕನೆಯ ತಂತಿಗಳನ್ನು ಎರಡೆರಡು ಫ್ರೆಟ್‌ಗಳಷ್ಟು (ಫ್ರೆಟ್ ಎಂದರೆ ಗಿಟಾರಿನ ಕೊರಳಿನ ಅಡ್ಡಪಟ್ಟಿ), ಮೂರನೆಯದನ್ನು ಒಂದು ಫ್ರೆಟ್‌ನಷ್ಟು ಏರಿಸಿದರೆ, ದಪ್ಪ ತಂತಿಯಿಂದ ತೆಳುವಿನವರೆಗೆ ಸ, ಪ, ಸ, ಗ, ಪ, ಸ ಎಂಬ ಸ್ವರಗಳು ಸಿಗುತ್ತವೆ. ನಿಧಾನವಾಗಿ ಬಿಗಿಮಾಡಿ, ಇಲ್ಲದಿದ್ದರೆ ತಂತಿಗಳು ಹರಿಯಬಹುದು. ಶೀಶೆಯನ್ನು ಫ್ರೆಟ್‌ಗಳ ನಡುವೆ ಒತ್ತದೆ, ಫ್ರೆಟ್‌ನ ಲೋಹದ ಪಟ್ಟಿಗೆ ನೇರ ಮೇಲೆ ಹಗುರವಾಗಿ ಮುಟ್ಟಿಸಬೇಕು. ಶೀಶೆಯ ಹಿಂದಿನ ಬೆರಳುಗಳು ತಂತಿಗೆ ತಾಗಿಕೊಂಡಿದ್ದರೆ ಗರಗರ ಸದ್ದು ನಿಲ್ಲುತ್ತದೆ.

1969ರ ಮಾರ್ಚ್‌ನಲ್ಲಿ ಜಾಕ್ಸನ್‌ವಿಲ್‌ನಲ್ಲಿ ಆಲ್ಮನ್ ಬ್ರದರ್ಸ್ ಬ್ಯಾಂಡ್ ರೂಪುಗೊಂಡು, ಬಳಿಕ ಜಾರ್ಜಿಯಾದ ಮೇಕನ್ ಊರಿನಲ್ಲಿ ನೆಲೆಸಿತು. ಇಬ್ಬರು ಡ್ರಮ್ ವಾದಕರು, ಇಬ್ಬರು ಗಿಟಾರ್ ವಾದಕರು ಇದ್ದ ತಂಡ ಅದು. 1970ರಲ್ಲಿ ಮಯಾಮಿಯ ಸ್ಟುಡಿಯೊದಲ್ಲಿ ಕ್ಲಾಪ್ಟನ್ ತಂಡದೊಡನೆ ನುಡಿಸಿದ ‘ಲೈಲಾ’ ಇದರ ನಡುವೆ ಬರುತ್ತದೆ. ಪಿಯಾನೊ ಆರಂಭವಾಗುವ ಉತ್ತರಾರ್ಧದಲ್ಲಿ ಡ್ವೇನ್ ಅವರ ಸ್ಲೈಡ್, ಫ್ರೆಟ್‌ಗಳು ಮುಗಿದ ಮೇಲೂ ತಂತಿಯ ಮೇಲೆ ಮುಂದುವರಿಯುತ್ತದೆ. ಅಲ್ಲಿ ಸ್ಥಾನ ತೋರಿಸುವ ಗುರುತೇ ಇಲ್ಲ, ಶ್ರುತಿಗೆ ಕಿವಿಯೊಂದೇ ಆಧಾರ.

ಈಗ ‘ಫಿಲ್ಮೋರ್’ ಆಲ್ಬಮ್ಮನ್ನು ಹಾಕಿ, ಹೆಡ್‌ಫೋನಿನಲ್ಲೇ ಕೇಳಿ. ಮೊದಲ ಹಾಡು ‘ಸ್ಟೇಟ್ಸ್‌ಬರೊ ಬ್ಲೂಸ್’ನ ಸ್ಲೈಡ್ ಡ್ವೇನ್ ಅವರದು, ಅದು ಯಾವ ಕಿವಿಗೆ ಹೆಚ್ಚು ಕೇಳಿಸುತ್ತದೆ ಎಂಬುದನ್ನು ಗಮನಿಸಿಟ್ಟುಕೊಂಡರೆ, ತಂಡದ ಇನ್ನೊಬ್ಬ ಗಿಟಾರ್ ವಾದಕ ಡಿಕಿ ಬೆಟ್ಸ್ ಅವರ ಗಿಟಾರಿನಿಂದ ಅವರನ್ನು ಪ್ರತ್ಯೇಕಿಸಲು ಮುಂದೆ ನೆರವಾಗುತ್ತದೆ. ಬೆಟ್ಸ್ ರಚಿಸಿದ ‘ಇನ್ ಮೆಮರಿ ಆಫ್ ಎಲಿಜಬೆತ್ ರೀಡ್’ನಲ್ಲಿ ಡ್ವೇನ್ ತಮ್ಮ ಸರದಿ ಬರುವವರೆಗೆ ಏನು ನುಡಿಸುತ್ತಾರೆ ಎಂಬುದನ್ನೇ ಒಮ್ಮೆ ಪೂರ್ತಿ ಹಿಂಬಾಲಿಸಿ. ನನ್ನ ಮಟ್ಟಿಗೆ, ಅವರ ಸೋಲೊಗಿಂತ ಅದೇ ಒಂದು ಕೈ ಮೇಲು.

ಆಲ್ಬಮ್ ಬಂದ ಕೆಲವೇ ತಿಂಗಳಿಗೆ, 1971ರ ಅಕ್ಟೋಬರ್ 29ರಂದು, ಮೇಕನ್‌ನಲ್ಲಿ ಮೋಟಾರ್ ಸೈಕಲ್ ಅಪಘಾತದಲ್ಲಿ ಡ್ವೇನ್ ತೀರಿಕೊಂಡರು; ಆಗ ಅವರಿಗೆ 24 ವರ್ಷ. ಮರುವರ್ಷದ ‘ಈಟ್ ಎ ಪೀಚ್’ ಆಲ್ಬಮ್ಮಿನಲ್ಲಿರುವ ‘ಲಿಟಲ್ ಮಾರ್ಥಾ’ ಅವರದೇ ರಚನೆ. ಅದರಲ್ಲಿ ಸ್ಲೈಡ್ ಇಲ್ಲ, ಡ್ರಮ್ ಇಲ್ಲ, ಅಕೂಸ್ಟಿಕ್ ಗಿಟಾರುಗಳಷ್ಟೇ ಇವೆ. ಸ್ಲೈಡ್ ಅಭ್ಯಾಸಕ್ಕೆ ಕೂಡಿಸಿದ ಅದೇ ಓಪನ್ ಇ ಶ್ರುತಿಯಲ್ಲಿ ಅದು ಕೂರುವುದರಿಂದ, ತಂತಿಗಳನ್ನು ಮಾಮೂಲು ಶ್ರುತಿಗೆ ಇಳಿಸುವ ಮೊದಲು ಅದನ್ನೂ ಕಲಿತುಬಿಡಬಹುದು.