ಜಾಗಕ್ಕೆ ನೋಟಿಸ್ ಬಂತಾ? ಸಹಿ ಹಾಕುವ ಮೊದಲು ಇದನ್ನು ಓದಿ

ಭೂಸ್ವಾಧೀನದ ನೋಟಿಸ್ ಬಂದ ದಿನ ಮನೆಯಲ್ಲಿ ಯಾರಿಗೂ ಊಟ ಸೇರುವುದಿಲ್ಲ, ಗೊತ್ತು. ಆದರೂ ಅದರಲ್ಲಿ ಯಾವ ಕಾಯ್ದೆಯ ಹೆಸರಿದೆ ಅಂತ ಮೊದಲು ನೋಡಿ. ಗಡುವೆಲ್ಲ ಅದರ ಮೇಲೆ ನಿಂತಿದೆ. 2013ರ ಭೂಸ್ವಾಧೀನ ಕಾಯ್ದೆಯಾದರೆ ಆಕ್ಷೇಪಣೆಗೆ 60 ದಿನ. 1956ರ ರಾಷ್ಟ್ರೀಯ ಹೆದ್ದಾರಿ ಕಾಯ್ದೆಯಾದರೆ ಬರೇ 21 ದಿನ, ಅದೂ ಕಾಗದ ನಿಮ್ಮ ಕೈಗೆ ಬಂದ ದಿನದಿಂದಲ್ಲ, ಅಧಿಸೂಚನೆ ಪ್ರಕಟವಾದ ದಿನದಿಂದ. ಕೈಗಾರಿಕೆಗೆ ಕೆಐಎಡಿಬಿ (ರಾಜ್ಯದ ಕೈಗಾರಿಕಾ ಪ್ರದೇಶ ಅಭಿವೃದ್ಧಿ ಮಂಡಳಿ) ಮೂಲಕ ಹೋಗುವ ಜಾಗಕ್ಕೆ 1966ರ ಬೇರೆಯೇ ಕಾಯ್ದೆ ಇದೆ. ಆಕ್ಷೇಪಣೆ ಬರವಣಿಗೆಯಲ್ಲೇ ಕೊಡಿ, ಪ್ರತಿಗೆ ಸೀಲು ಹಾಕಿಸಿಕೊಳ್ಳದೆ ಕಚೇರಿಯಿಂದ ಹೊರಗೆ ಬರಬೇಡಿ.

ಆಮೇಲೆ ಆರ್‌ಟಿಸಿ, ಅಂದರೆ ಪಹಣಿ, ತೆಗೆಸಿ. ನಮ್ಮ ಕಡೆ ಅರ್ಧಕ್ಕರ್ಧ ಜಾಗ ಇನ್ನೂ ತೀರಿಹೋದ ಅಜ್ಜನ ಹೆಸರಿನಲ್ಲೋ ಕುಟುಂಬದ ಜಂಟಿ ಖಾತೆಯಲ್ಲೋ ಇರುತ್ತದೆ. ಅಣ್ಣ ಮುಂಬೈ, ಅಕ್ಕ ದುಬೈ. ಪಾಲಿನ ತಕರಾರು ಮುಗಿಯದಿದ್ದರೆ ಪರಿಹಾರ ನಿಮ್ಮ ಕೈಗೆ ಬರುವುದಿಲ್ಲ, ಡೆಪಾಸಿಟ್ ಆಗಿ ಕೂತುಬಿಡುತ್ತದೆ. ಪಟ್ಟಾ ಜಾಗಕ್ಕೆ ತಾಗಿಕೊಂಡು ನೀವು ಬಳಸುವ ಕುಮ್ಕಿ ಜಾಗ ಸರಕಾರದ್ದು, ಸರಿ. ಆದರೆ ಅಲ್ಲಿ ನೀವು ನೆಟ್ಟ ಮರ, ತೋಡಿದ ಬಾವಿಯ ಪಟ್ಟಿ ಬೇರೆ ಮಾಡಿ ಕೊಡಿ.

ಇನ್ನು ಅಳತೆ. ಜನ ಜಾಸ್ತಿ ಸೋಲುವುದು ಇಲ್ಲಿಯೇ. ಬ್ರಹ್ಮಾವರದ ಬದಿ ನನ್ನ ಮಾವನ ಮನೆಗೆ ಅಳತೆಯವರು ಬಂದಿದ್ದು ಮಟಮಟ ಮಧ್ಯಾಹ್ನ. ಹಾಳೆಯಲ್ಲಿ ತೆಂಗು ಆರು ಅಂತ ಬರೆದಿದ್ದರು, ಇದ್ದದ್ದು ಒಂಬತ್ತು. ಬಾವಿಗೆ ಕಸ ಬೀಳದ ಹಾಗೆ ಮಡಲು ಮುಚ್ಚಿತ್ತು ನೋಡಿ, ಹಾಗಾಗಿ ಬಾವಿಯೇ ಪಟ್ಟಿಯಲ್ಲಿ ಇರಲಿಲ್ಲ! ಅತ್ತೆ ಗೇಟಿನವರೆಗೆ ಓಡಿ ಅವರನ್ನು ವಾಪಸು ಕರೆದು, ಮಡಲು ಸರಿಸಿ ತೋರಿಸಿದರು. ಹಾಗಾಗಿ ಅಳತೆಯ ದಿನ ಮನೆಯಲ್ಲಿ ಒಬ್ಬರಾದರೂ ಇರಿ. ಕಂಗು, ಹಲಸು, ದನದ ಹಟ್ಟಿ, ಪಾಗಾರ ಎಲ್ಲದರ ಫೋಟೋ ತೆಗೆದಿಡಿ. ಖಾಲಿ ಹಾಳೆಗೆ ಮಾತ್ರ ಸಹಿ ಬೇಡ ಮಾರಾಯ್ರೆ.

2013ರ ಕಾಯ್ದೆಯ ಲೆಕ್ಕ ಹೀಗೆ. ಜಾಗದ ಮಾರುಕಟ್ಟೆ ಬೆಲೆ 10 ಲಕ್ಷ, ಮನೆ ಮತ್ತು ಮರ ಸೇರಿ 5 ಲಕ್ಷ ಅಂತ ಇಟ್ಟುಕೊಳ್ಳಿ. ಪೇಟೆಯಲ್ಲಾದರೆ ಒಟ್ಟು 15, ಅದಕ್ಕೆ ಅಷ್ಟೇ ಮೊತ್ತದ ಸೊಲೇಶಿಯಂ (ಒತ್ತಾಯದಿಂದ ಜಾಗ ಬಿಡಬೇಕಾದ್ದಕ್ಕೆ ಕೊಡುವ ಹೆಚ್ಚುವರಿ ಹಣ) ಸೇರಿ 30 ಲಕ್ಷ. ಹಳ್ಳಿಯಲ್ಲಿ ಜಾಗದ ಬೆಲೆಯನ್ನು 1ರಿಂದ 2ರವರೆಗಿನ ಅಂಕಿಯಿಂದ ಗುಣಿಸುತ್ತಾರೆ. ಎರಡು ಪಟ್ಟು ಸಿಕ್ಕಿದರೆ ಅದೇ ಜಾಗಕ್ಕೆ 50 ಲಕ್ಷ. ಇದರ ಮೇಲೆ ಜಾಗದ ಬೆಲೆಗೆ ವರ್ಷಕ್ಕೆ ಶೇ. 12 ಬೇರೆ. ಹೆದ್ದಾರಿಗೆ ಹೋದ ಜಾಗಕ್ಕೂ ಸೊಲೇಶಿಯಂ ಕೊಡಬೇಕು ಅಂತ 2019ರಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. "ನಿಮಗೆ ಅದೆಲ್ಲ ಇಲ್ಲ" ಅಂತ ಯಾರಾದರೂ ಹೇಳಿದರೆ ಸುಮ್ನೆ ತಲೆಯಾಡಿಸಿ ಬರಬೇಡಿ.

ಜಾಗ ಇಲ್ಲದವರಿಗೂ ಹಕ್ಕಿದೆ. ಮೂರು ವರ್ಷದಿಂದ ಅಲ್ಲೇ ಗೇಣಿ ಮಾಡಿದವರು, ಕೂಲಿ ಮಾಡಿದವರು, ಅದೇ ಅವರ ಮುಖ್ಯ ಜೀವನೋಪಾಯವಾಗಿದ್ದರೆ, ಬಾಧಿತ ಕುಟುಂಬದ ಲೆಕ್ಕಕ್ಕೆ ಬರುತ್ತಾರೆ. ಮನೆ ಬಿಟ್ಟು ಹೋಗಬೇಕಾದ ಕುಟುಂಬಕ್ಕೆ ಒಂದು ವರ್ಷ ತಿಂಗಳಿಗೆ 3,000 ರೂಪಾಯಿ, ಸಾಗಾಟಕ್ಕೆ 50,000 ರೂಪಾಯಿ ಕಾಯ್ದೆಯಲ್ಲೇ ಬರೆದಿದೆ. ಪುನರ್ವಸತಿ ಸರ್ವೆಯಲ್ಲಿ ಹೆಸರು ಬಿಟ್ಟುಹೋದರೆ ಮಾತ್ರ ಆಮೇಲೆ ಸೇರಿಸಲು ಅಲೆದಾಟ ತಪ್ಪಿದ್ದಲ್ಲ.

ಕೊನೆಗೆ ದುಡ್ಡು. ಮೊತ್ತ ಕಡಿಮೆ ಅನಿಸಿದರೆ ಬೇಡ ಅನ್ನಬೇಕಿಲ್ಲ, ತೆಗೆದುಕೊಳ್ಳಿ. ಆದರೆ ರಶೀದಿಯಲ್ಲಿ "ಆಕ್ಷೇಪಣೆಯೊಂದಿಗೆ ಸ್ವೀಕರಿಸಿದ್ದೇನೆ" ಅಂತ ನಿಮ್ಮ ಕೈಯಲ್ಲೇ ಬರೆದು ಆಮೇಲೆ ಸಹಿ ಹಾಕಿ. 2013ರ ಕಾಯ್ದೆಯಲ್ಲಿ ಈ ಸಾಲು ಇಲ್ಲದೆ ದುಡ್ಡು ಪಡೆದವರಿಗೆ ಜಾಸ್ತಿ ಪರಿಹಾರ ಕೇಳಲು ಬರುವುದಿಲ್ಲ. ಅಧಿಕಾರಿ ಪರಿಹಾರದ ತೀರ್ಪು (ಅವಾರ್ಡ್) ಕೊಡುವಾಗ ನೀವು ಅಲ್ಲೇ ಇದ್ದರೆ ಅರ್ಜಿಗೆ ಆರು ವಾರ ಮಾತ್ರ. ಹೆದ್ದಾರಿ ವಿಷಯದಲ್ಲಿ ಮಧ್ಯಸ್ಥಗಾರರ ಹತ್ತಿರ ಹೋಗಬೇಕು, ಸಾಮಾನ್ಯವಾಗಿ ಜಿಲ್ಲಾಧಿಕಾರಿಯೇ ಅದು. ವಕೀಲರ ಫೀಸಿಗೆ ಹೆದರಿ ಕೂರಬೇಡಿ: ಮಂಗಳೂರು, ಉಡುಪಿ ಎರಡೂ ಕಡೆ ಕೋರ್ಟಿನ ಆವರಣದಲ್ಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಇದೆ, ಹೆಂಗಸರಿಗೆ ಆದಾಯದ ಲೆಕ್ಕ ಕೇಳದೆ ಉಚಿತ ವಕೀಲರು ಸಿಗುತ್ತಾರೆ. ನಮ್ಮ ಅತ್ತೆ ಹೋದದ್ದೂ ಹಾಗೆಯೇ, ಬಾವಿಯ ಫೋಟೋ ಹಿಡಿದುಕೊಂಡು.