ಸಿನಿಮಾಗಳೇ ಸಿಗದ ನಿರ್ದೇಶಕನನ್ನು ಹುಡುಕಿದ್ದು ಹೀಗೆ

ಕಾಂಬೋಡಿಯಾದ ಸಿನಿಮಾ ನಿರ್ದೇಶಕ ಇವೋನ್ ಹೆಮ್ ಬಗ್ಗೆ ಮಾತಾಡಿ ಎಂದು ನಮ್ಮ ಫಿಲ್ಮ್ ಸೊಸೈಟಿಯವರು ಕೇಳಿದರು. ತಕ್ಷಣ ಒಪ್ಪಿಕೊಂಡೆ. ಬಹಳ ದಿನಗಳಿಂದ ಈ ಹೆಸರು ತಲೆಯಲ್ಲಿತ್ತು. ಆದರೆ ನಿರ್ದೇಶಕರ ಬಗ್ಗೆ ಮಾತಾಡಲು ಅವರ ಸಿನಿಮಾ ನೋಡಬೇಕು, ಅಲ್ವಾ?

1960ರಿಂದ 1975ರವರೆಗೆ ಆ ಪುಟ್ಟ ದೇಶದಲ್ಲಿ ಸುಮಾರು 400 ಸಿನಿಮಾ ತಯಾರಾದವು. ಈಗ ಉಳಿದಿರುವುದು 30ರ ಆಸುಪಾಸು. 1975ರ ಏಪ್ರಿಲ್ 17ರಂದು ಖಮೇರ್ ರೂಜ್ ಎಂಬ ಉಗ್ರ ಕಮ್ಯುನಿಸ್ಟ್ ಪಡೆ ರಾಜಧಾನಿ ನಾಮ್ ಪೆನ್ ನಗರಕ್ಕೆ ನುಗ್ಗಿ ಜನರನ್ನೆಲ್ಲ ಹೊರಗೆ ಅಟ್ಟಿತು. ಚಿತ್ರರಂಗ ಅಲ್ಲಿಗೇ ನಿಂತುಹೋಯಿತು. ಕಲಾವಿದರಲ್ಲಿ ಬಹಳಷ್ಟು ಜನ ಬದುಕಿ ಉಳಿಯಲಿಲ್ಲ. ಹೆಮ್ ಉಳಿದರು.

ನಾನು ಮೊದಲು ಮಾಡಿದ್ದು ಒಂದು ನೋಟ್‌ಬುಕ್ಕನ್ನು ಮೂರು ಭಾಗ ಮಾಡಿದ್ದು. ಕಣ್ಣಾರೆ ನೋಡಿದ್ದು, ಕಿವಿಯಾರೆ ಕೇಳಿದ್ದು, ಬೇರೆಯವರು ಹೇಳಿದ್ದು. ಇವು ಬೆರೆಯದಂತೆ ಕೊನೆವರೆಗೂ ನೋಡಿಕೊಂಡೆ. ಇಂಥ ಕೆಲಸದಲ್ಲಿ ಎಲ್ಲಕ್ಕಿಂತ ಮುಖ್ಯ ಇದೇ. ಯಾರೋ ನೆನಪಿಸಿಕೊಂಡ ದೃಶ್ಯವನ್ನು ನಾವೇ ನೋಡಿದಂತೆ ವರ್ಣಿಸಲು ಶುರು ಮಾಡಿಬಿಡುತ್ತೇವೆ.

ಹೆಮ್ ಕೆಲಸ ಕಲಿತದ್ದು ಎಲ್ಲಿ ಎಂಬುದರಿಂದ ಹೊರಟೆ. ಫ್ರೆಂಚ್ ನಿರ್ದೇಶಕ ಮಾರ್ಸೆಲ್ ಕಾಮೂ ಕಾಂಬೋಡಿಯಾಕ್ಕೆ ಬಂದು ಒಂದು ಸಿನಿಮಾ ತೆಗೆದರು. ಅದು 1962ರಲ್ಲಿ ಬಿಡುಗಡೆಯಾಯಿತು. ಹೆಮ್ ಆ ತಂಡದಲ್ಲಿದ್ದರು. ಮುಂದೆ 1967ರಲ್ಲಿ ಜನಪದ ಕಥೆಯೊಂದನ್ನು ಹಿಡಿದು 'ಸೋವನ್ನಹಾಂಗ್' ಮಾಡಿದರು.

ನನಗೆ ಜಾಸ್ತಿ ಸಹಾಯ ಮಾಡಿದ್ದು ಹಾಡುಗಳು. ಫಿಲ್ಮ್ ಸುರುಳಿಗಳು ಹಾಳಾದರೂ ಗ್ರಾಮಫೋನ್ ರೆಕಾರ್ಡು, ಕ್ಯಾಸೆಟ್ಟುಗಳು ಮನೆಮನೆಗಳಲ್ಲಿ, ಪರದೇಶಗಳಲ್ಲಿ ಉಳಿದುಕೊಂಡವು. ಆಗಿನ ಜನಪ್ರಿಯ ಗಾಯಕ ಸಿನ್ ಸಿಸಮೌತ್, ಗಾಯಕಿ ರೋಸ್ ಸೆರೆಯ್ ಸೊಥಿಯಾ ಇಬ್ಬರೂ ಖಮೇರ್ ರೂಜ್ ಕಾಲದಲ್ಲಿ ಇಲ್ಲವಾದರು. ಅವರ ದನಿ ಮಾತ್ರ ಇನ್ನೂ ಕೇಳಿಸುತ್ತದೆ. ಆ ಕಾಲದ ಸಿನಿಮಾ ಹಾಡುಗಳನ್ನು ಸುಮ್ನೆ ಕೂತು ಮತ್ತೆ ಮತ್ತೆ ಕೇಳಿದೆ. ಜನ ಥಿಯೇಟರಿಗೆ ಯಾವ ಭಾವ ಬಯಸಿ ಹೋಗುತ್ತಿದ್ದರು ಎಂಬುದು ನಿಧಾನಕ್ಕೆ ತಿಳಿಯಿತು. ಆದರೆ ಹಾಡು ಕೇಳಿ ಕ್ಯಾಮೆರಾ ಎಲ್ಲಿತ್ತು ಎಂದು ಊಹಿಸಲು ಹೋಗಬಾರದು. ಅಲ್ಲಿ ನಾನು ಕಟ್ಟುನಿಟ್ಟು.

ಆ ಕಾಲದ ಕಾಂಬೋಡಿಯಾ ಸಿನಿಮಾ ಕುರಿತ ಡೇವಿ ಚೂ ಅವರ 2011ರ ಸಾಕ್ಷ್ಯಚಿತ್ರದಲ್ಲಿ ಹೆಮ್ ಅವರೇ ಮಾತಾಡಿದ್ದಾರೆ. ಅದನ್ನು ನಿಲ್ಲಿಸಿ ನಿಲ್ಲಿಸಿ ನೋಡಿ, ಅವರ ಒಂದೊಂದು ಮಾತನ್ನೂ ಬರೆದುಕೊಂಡೆ. ಅದರ ಮರುವರ್ಷವೇ ಹೆಮ್ ತೀರಿಕೊಂಡರು. ಆ ದಾಖಲೆ ಸಮಯಕ್ಕೆ ಆಯಿತಲ್ಲ ಎಂದು ಈಗಲೂ ಸಮಾಧಾನ.

ಆಮೇಲೆ ನಾಮ್ ಪೆನ್‌ಗೆ ಹೋದೆ. ಅಲ್ಲಿ ನಿರ್ದೇಶಕ ರಿಥಿ ಪಾನ್ ಮತ್ತು ಸಂಗಡಿಗರು 2006ರಲ್ಲಿ ತೆರೆದ ಬೋಫಾನಾ ಕೇಂದ್ರ ಎಂಬ ದಾಖಲೆ ಸಂಗ್ರಹವಿದೆ. ಯಾರು ಬೇಕಾದರೂ ದುಡ್ಡು ಕೊಡದೆ ಹಳೆಯ ಚಿತ್ರ, ದನಿ, ಫೋಟೊ ನೋಡಬಹುದು. ಹೋಗುವ ಮುಂಚೆ ಸಿನಿಮಾಗಳ ಹೆಸರನ್ನು ಅಲ್ಲಿಯ ಖಮೇರ್ ಲಿಪಿಯಲ್ಲೇ ಬರೆಸಿಕೊಳ್ಳಿ. ಇಂಗ್ಲಿಷಿನಲ್ಲಿ, ಫ್ರೆಂಚಿನಲ್ಲಿ ಒಂದೊಂದು ಕಡೆ ಒಂದೊಂದು ಕಾಗುಣಿತ ಇರುತ್ತದೆ.

1979ರಲ್ಲಿ ಖಮೇರ್ ರೂಜ್ ಆಡಳಿತ ಬಿದ್ದ ನಂತರ ಹೆಮ್ ಮತ್ತೆ ಕ್ಯಾಮೆರಾ ಹಿಡಿದರು. 1987ರಲ್ಲಿ ಖಮೇರ್ ರೂಜ್ ಕಾಲದ ಬಗ್ಗೆಯೇ ಒಂದು ಸಿನಿಮಾ ಮಾಡಿದರು. ಎಲ್ಲ ಕಳೆದುಕೊಂಡ ಊರಿನಲ್ಲೇ, ಶುರುವಿನಿಂದ! ನನ್ನ ಮಾತಿನ ಅರ್ಧ ಭಾಗವನ್ನು ಇದಕ್ಕೇ ಇಟ್ಟೆ.

ಕೇಳುಗರಿಗೆ ಹೆಚ್ಚು ವಿವರಿಸಬೇಕಾಗಲಿಲ್ಲ. ನಮ್ಮ ಮೊದಲ ಟಾಕಿ, 1934ರ 'ಸತಿ ಸುಲೋಚನಾ'ದ ಪ್ರಿಂಟೂ ಇವತ್ತು ಇಲ್ಲ. ಈಗ ಅದೇ ಕಾಲದ ಇನ್ನೊಬ್ಬ ಕಾಂಬೋಡಿಯಾ ನಿರ್ದೇಶಕ ಲೀ ಬುನ್ ಯಿಮ್ ಅವರಿಗೆ ಇನ್ನೊಂದು ನೋಟ್‌ಬುಕ್ ತೆರೆದಿದ್ದೇನೆ.