ಫ್ಯಾನ್ ಆಫ್ ಮಾಡಿ ಕೇಳಿದ ‘ಬ್ರಿಟಿಷ್ ಸ್ಟೀಲ್’

ಬಳ್ಳಾರಿಯಲ್ಲಿ ಹೈ-ರೆಸ್ ಆಡಿಯೋ (ಸಿ.ಡಿ.ಗಿಂತ ಹೆಚ್ಚು ವಿವರ ತುಂಬಿದ ಹಾಡಿನ ಫೈಲು) ಕೇಳಬೇಕು ಅಂದ್ರೆ ಮೊದಲು ಫ್ಯಾನ್ ಆಫ್ ಮಾಡಬೇಕು. ಏಪ್ರಿಲ್ ತಿಂಗಳಲ್ಲಿ ಇದನ್ನು ಮನೆಯವರ ಮುಂದೆ ಹೇಳಿ ನೋಡಿ! ಅದಕ್ಕೇ ನಾನು ಎಲ್ಲರೂ ಏಳೋಕೆ ಮುಂಚಿನ ಬೆಳಗಿನ ಜಾವ ಹಿಡಿದೆ. ಕೂಲರ್ ಬಂದ್, ಫ್ಯಾನ್ ಬಂದ್.

ಆಲ್ಬಮ್ ಇಂಗ್ಲೆಂಡಿನ ಹೆವಿ ಮೆಟಲ್ ಬ್ಯಾಂಡ್ ಜೂಡಸ್ ಪ್ರೀಸ್ಟಿನ ‘ಬ್ರಿಟಿಷ್ ಸ್ಟೀಲ್’, 1980ರದ್ದು. ತೋರಣಗಲ್ಲಿನಲ್ಲಿ ಉಕ್ಕಿನ ಕಾರ್ಖಾನೆಗೆ ಶಿಫ್ಟಿಗೆ ಹೋಗುವವನು ಇದನ್ನು ಬಿಟ್ಟು ಇನ್ನೇನು ಕೇಳಬೇಕು, ಹೇಳಿ. ಬ್ಯಾಂಡಿನವರೂ ಬರ್ಮಿಂಗ್‌ಹ್ಯಾಮ್ ಕಡೆಯವರು, ಗಿಟಾರಿನ ಗ್ಲೆನ್ ಟಿಪ್ಟನ್ ಅಂತೂ ವಯಸ್ಸಿನ ಹುಡುಗನಾಗಿದ್ದಾಗ ಬ್ರಿಟಿಷ್ ಸ್ಟೀಲ್ ಕಂಪನಿಯಲ್ಲೇ ದುಡಿದವರು.

ಹೈ-ರೆಸ್ ಫೈಲ್ ದುಡ್ಡು ಕೊಟ್ಟು ತಂದು ಬ್ಲೂಟೂತಲ್ಲಿ ಕೇಳಿದರೆ ಆ ದುಡ್ಡು ದಂಡ. ಬ್ಲೂಟೂತಲ್ಲಿ ಹೆಚ್ಚು ಡೇಟಾ ಕಳಿಸೋ ಎಲ್‌ಡ್ಯಾಕ್ ಇದ್ದರೂ ಗರಿಷ್ಠ 990 ಕೆಬಿಪಿಎಸ್, ಅಂದ್ರೆ ಸೆಕೆಂಡಿಗೆ ಅಷ್ಟು ಕಿಲೋಬಿಟ್. ಸದ್ದನ್ನು ಸೆಕೆಂಡಿಗೆ 96 ಸಾವಿರ ಸಲ, ಪ್ರತಿ ಸಲ 24 ಬಿಟ್ಟಲ್ಲಿ ಅಳೆದ ಸ್ಟೀರಿಯೋಗೆ (24 ಬಿಟ್, 96 ಕಿಲೋಹರ್ಟ್ಸ್) ಕಂಪ್ರೆಸ್ ಮಾಡದೆ 4608 ಕೆಬಿಪಿಎಸ್ ಬೇಕು. ಹಾಗಾಗಿ ಲ್ಯಾಪ್‌ಟಾಪಿಗೆ ಯುಎಸ್‌ಬಿ ಡ್ಯಾಕ್ (ಡಿಜಿಟಲ್ ಫೈಲನ್ನು ಹೆಡ್‌ಫೋನಿಗೆ ಬೇಕಾದ ಸಿಗ್ನಲ್ ಮಾಡೋ ಸಾಧನ), ಅದಕ್ಕೆ ವೈರ್ ಇರೋ ಹೆಡ್‌ಫೋನ್. ಪ್ಲೇಯರಲ್ಲಿ ವಾಸಾಪಿ ಎಕ್ಸ್‌ಕ್ಲೂಸಿವ್, ಅಂದ್ರೆ ಹಾಡನ್ನು ನೇರ ಡ್ಯಾಕಿಗೇ ಕಳಿಸೋ ಸೆಟ್ಟಿಂಗ್, ಆನ್ ಮಾಡಿದೆ, ಇಲ್ಲಾಂದ್ರೆ ವಿಂಡೋಸ್ ಎಲ್ಲವನ್ನೂ ತನಗೆ ಬೇಕಾದ ರೇಟಿಗೆ ಬದಲಾಯಿಸಿಬಿಡುತ್ತೆ. ಚಾರ್ಜರ್ ಹಾಕಿದ್ದಾಗ ಸಣ್ಣಗೆ ಜುಂಯ್ ಅನ್ನುತ್ತಿತ್ತು, ನಮ್ಮ ಮನೆ ಅರ್ಥಿಂಗ್ ಅಷ್ಟಕ್ಕಷ್ಟೇ. ಕಿತ್ತೆ, ನಿಂತಿತು.

ಆಮೇಲೆ ಆಲ್ಬಮ್ಮಿನ ‘ಮೆಟಲ್ ಗಾಡ್ಸ್’ ಹಾಡು ಹಾಕಿದೆ. ಈ ಆಲ್ಬಮ್ ರೆಕಾರ್ಡ್ ಆಗಿದ್ದು ಲಂಡನ್ ಹತ್ತಿರದ ಟಿಟನ್‌ಹರ್ಸ್ಟ್ ಪಾರ್ಕ್ ಅನ್ನೋ ಬಂಗಲೆಯಲ್ಲಿ, ಮೊದಲು ಜಾನ್ ಲೆನನ್ ಇದ್ದ, ಆಮೇಲೆ ರಿಂಗೋ ಸ್ಟಾರ್ ಕೊಂಡ ಮನೆ. ರೆಡಿ ಸದ್ದು ನುಡಿಸೋ ಸ್ಯಾಂಪಲರ್ ಯಂತ್ರ ಇಲ್ಲ, ಹಾಡಿಗೆ ರೋಬೋ ಹೆಜ್ಜೆ ಸದ್ದು ಬೇಕು. ಅಡುಗೆಮನೆಯ ಚಮಚ, ಫೋರ್ಕು ತುಂಬಿದ ಟ್ರೇ ತಂದು ಕುಲುಕಿಸಿದರು! ನನ್ನ ಹಳೇ 128 ಕೆಬಿಪಿಎಸ್ ಎಂಪಿ3ಯಲ್ಲಿ ಅದು ಬರೀ ಝಳ್ ಅಂತ ಇತ್ತು. ಈಗ ಹೆಜ್ಜೆ ಬಿದ್ದ ಮೇಲೂ ಒಂದೆರಡು ಚಮಚ ತಡವಾಗಿ ಟಿಣ್ ಅನ್ನೋದು ಬಿಡಿಬಿಡಿಯಾಗಿ ಕೇಳಿತು. ಇದೇ ಆಲ್ಬಮ್ಮಿನ ‘ಬ್ರೇಕಿಂಗ್ ದ ಲಾ’ದಲ್ಲಿ ಒಡೆಯೋದು ಹಾಲಿನ ಬಾಟಲಿ, ಅದೂ ಹಾಗೇ. ‘ದ ರೇಜ್’ ಶುರುವಿನ ಇಯಾನ್ ಹಿಲ್ ಬೇಸ್ ಗಿಟಾರ್ ಬಗ್ಗೆ ಬರೆಯೋದಿಲ್ಲ, ಕೇಳಿ.

ಆದರೆ ಇದು 24 ಬಿಟ್ಟಿನ ಮಹಿಮೆಯಾ? ಅದೇ ಫೈಲನ್ನು ಸಿ.ಡಿ. ಮಟ್ಟಕ್ಕೆ, ಅಂದ್ರೆ 16 ಬಿಟ್, 44.1 ಕಿಲೋಹರ್ಟ್ಸಿಗೆ ಇಳಿಸಿ, ಯಾವುದು ಯಾವುದು ಅಂತ ಹೇಳದೆ ಹಾಕು ಅಂತ ತಮ್ಮನಿಗೆ ಕೊಟ್ಟೆ. ಅವನು ಹಾಕುತ್ತಾ ಹೋದ, ನಾನು ಹೇಳುತ್ತಾ ಹೋದೆ. “ಅಣ್ಣಾ, ನೀ ಸುಮ್ನೆ ಗೆಸ್ ಹೊಡೀತಿದೀಯ ಅಲ್ವಾ” ಅಂದ. ಹೌದು, ಹಾಗೇ ಇತ್ತು. ಅತಿ ಜೋರು ಸದ್ದಿಗೂ ಅತಿ ಸಣ್ಣ ಸದ್ದಿಗೂ 16 ಬಿಟ್ಟಿಗೇ ಸುಮಾರು 96 ಡೆಸಿಬೆಲ್ ಅಂತರ ಸಿಗುತ್ತೆ, 1980ರ ಟೇಪಿನ ಹಿಸ್ ಸದ್ದು ಆ ಅತಿ ಸಣ್ಣ ಮಟ್ಟಕ್ಕೆ ಹೋಲಿಸಿದರೆ ಅದಕ್ಕಿಂತ ಎಷ್ಟೋ ಮೇಲಿರುತ್ತೆ. ಇನ್ನು 44.1ರಲ್ಲಿ 22 ಕಿಲೋಹರ್ಟ್ಸ್‌ವರೆಗೂ ಬರುತ್ತೆ, ಕಾರ್ಖಾನೆಯಲ್ಲಿ ಕೆಲಸ ಮಾಡೋ ನನ್ನ ಕಿವಿ ಅಷ್ಟು ದೂರ ಹೋಗೋದೇ ಇಲ್ಲ.

ವ್ಯತ್ಯಾಸ ಬಂದಿದ್ದು ಎಂಪಿ3 ಬಿಟ್ಟಿದ್ದರಿಂದ, ಫ್ಯಾನ್ ನಿಲ್ಲಿಸಿದ್ದರಿಂದ, ವೈರಿನಿಂದ. ದುಡ್ಡು ಕೊಡೋದಾದ್ರೆ ಬಿಟ್ ನೋಡಬೇಡಿ, ಯಾವ ಮಾಸ್ಟರಿಂಗ್, ಅಂದ್ರೆ ಬಿಡುಗಡೆಗೆ ಮುಂಚೆ ಸದ್ದಿನ ಮಟ್ಟ ಕೊನೆಯದಾಗಿ ಹದ ಮಾಡಿದ್ದು ಹೇಗೆ, ಅಂತ ನೋಡಿ. ಸದ್ದು ಜಾಸ್ತಿ ಬರಲಿ ಅಂತ ಒತ್ತಿಬಿಟ್ಟ ರೀಮಾಸ್ಟರನ್ನು 24 ಬಿಟ್ಟಲ್ಲಿ ಕೊಟ್ಟರೂ ಡ್ರಮ್ಮಿನ ಪೆಟ್ಟು ವಾಪಸ್ ಬರಲ್ಲ. ನನ್ನ ಮೊಬೈಲಲ್ಲಿ ಈಗ ಇರೋದು ಆ 16 ಬಿಟ್ ಕಾಪಿನೇ, ಜಾಗವೂ ಉಳಿಯಿತು.